ದಿ ವಿಚರ್ 3: ಹಳೇ ಸೇವ್ ಲೋಡ್ ಮಾಡಿದರೂ ತಪ್ಪಿಸಿಕೊಳ್ಳಲಾಗದ ಗೇಮ್

ಗೇಮ್ ಆಡುವುದರಲ್ಲಿ ನಾನು ಮಹಾ ಪುಕ್ಕಲ. ಡೈಲಾಗ್‌ನಲ್ಲಿ ಎರಡು ಉತ್ತರ ಕಂಡರೆ ಸಾಕು, ಮೊದಲು ಒಂದು ಸೇವ್, ಅಂದರೆ ಆಟವನ್ನು ಅಲ್ಲಿಗೇ ಉಳಿಸಿಟ್ಟುಕೊಳ್ಳುವುದು. ಆಮೇಲೆ ಒಂದನ್ನು ಒತ್ತಿ, ಏನಾಗುತ್ತೆ ನೋಡಿ, ಹಿಡಿಸಲಿಲ್ಲ ಅಂದರೆ ವಾಪಸ್ ಬಂದು ಇನ್ನೊಂದನ್ನು ಒತ್ತುವುದು. 2007ರ ಮಾಸ್ ಎಫೆಕ್ಟ್ ಪೂರ್ತಿ ಹೀಗೇ ಮುಗಿಸಿದೆ. ಅದರಲ್ಲಿ ಒಳ್ಳೆಯವನಾದರೆ ನೀಲಿ ಪಟ್ಟಿ ಏರುತ್ತೆ, ಒರಟನಾದರೆ ಕೆಂಪು ಪಟ್ಟಿ. ನೀಲಿ ಪಟ್ಟಿ ತುಂಬಿಸಿಕೊಂಡು, ಗಣಿತದಲ್ಲಿ ನೂರಕ್ಕೆ ನೂರು ತೆಗೆದ ಹುಡುಗನ ಹಾಗೆ ಬೀಗಿದ್ದೆ.

ಅದೇ ಚಾಳಿ ಇಟ್ಟುಕೊಂಡು ದಿ ವಿಚರ್ 3ಕ್ಕೆ ಕೈ ಹಾಕಿದೆ. ಸರಿಯಾಗಿ ಪೆಟ್ಟು ತಿಂದೆ.

ಗೇಮ್ ಹಳೆಯದು, ಗೊತ್ತು. ಪೋಲೆಂಡಿನ ವಾರ್ಸಾದಲ್ಲಿರುವ ಸಿಡಿ ಪ್ರಾಜೆಕ್ಟ್ ರೆಡ್ ಇದನ್ನು 2015ರ ಮೇ 19ರಂದು ಬಿಟ್ಟಿತು. 2022ರ ಡಿಸೆಂಬರಿನಲ್ಲಿ ಚಿತ್ರಗಳನ್ನೆಲ್ಲ ಹೊಸದು ಮಾಡಿ ಪುಕ್ಕಟೆ ಅಪ್‌ಡೇಟ್ ಕೊಟ್ಟರು. ನಾನು ಆಡಿದ್ದು ಅದಾದ ಮೇಲೆ. ಎರಡು ಸಲ ಆಡಿದ್ದೇನೆ, ಎರಡೂ ಸೇರಿ ಇನ್ನೂರು ಗಂಟೆ ದಾಟಿರಬೇಕು, ಮನೆಯಲ್ಲಿ ಕೇಳಿದರೆ ಇನ್ನೂ ಜಾಸ್ತಿ ಹೇಳುತ್ತಾರೆ. ಮುಂದೆ ಕಥೆಯನ್ನು ಸಾಕಷ್ಟು ಬಿಟ್ಟುಕೊಡುತ್ತೇನೆ. ಹೊಸದಾಗಿ ಆಡುವವರು ಇಲ್ಲೇ ನಿಲ್ಲಿಸಿ, ಆಡಿ ಬನ್ನಿ.

ನಾಯಕ ಗೆರಾಲ್ಟ್. ದುಡ್ಡು ತಗೊಂಡು ರಾಕ್ಷಸರನ್ನು ಕೊಲ್ಲುವುದು ಅವನ ಕಸುಬು. ಊರಿನವರಿಗೆ ಅವನು ಬೇಕು, ಆದರೆ ಮನೆಯೊಳಗೆ ಬರುವುದು ಬೇಡ. ಕೂಲಿಗೂ ಚೌಕಾಸಿ ನಡೆಯುತ್ತೆ. ತೀರಾ ಜಾಸ್ತಿ ಕೇಳಿದರೆ ಎದುರಿನವನ ಮುಖ ಕೆಡುತ್ತೆ. ಸಾಕುಮಗಳಂತಿರುವ ಸಿರಿ ಎಂಬ ಹುಡುಗಿಯನ್ನು ಹುಡುಕಿಕೊಂಡು, ಯುದ್ಧದಿಂದ ಹಾಳುಬಿದ್ದ ದೇಶದಲ್ಲಿ ಅವನು ಅಲೆಯುತ್ತಾನೆ. (ಸಿರಿ ಅಂತ ಹೆಸರು ಕೇಳಿದ ತಕ್ಷಣ ನನಗೆ ನಮ್ಮ ಕಡೆಯ ಹುಡುಗಿ ಅಂತಲೇ ಅನಿಸಿಬಿಟ್ಟಿತು. ಅದೂ ಒಂದು ಕಾರಣ ಇರಬಹುದು, ಅವಳ ವಿಷಯದಲ್ಲಿ ನಾನು ಇಷ್ಟು ಒದ್ದಾಡಿದ್ದಕ್ಕೆ.)

ಮೊದಲ ಊರಿನಲ್ಲೇ ಒಂದು ಸಣ್ಣ ಕೆಲಸ ಸಿಗುತ್ತೆ. ವಿಲ್ಲಿಸ್ ಎಂಬ ಕುಳ್ಳ ಕಮ್ಮಾರನ ಕುಲುಮೆಗೆ ಯಾರೋ ಬೆಂಕಿ ಇಟ್ಟಿದ್ದಾರೆ. ಹೆಜ್ಜೆ ಗುರುತು ಹಿಡಿದು ಹೋದರೆ ಸಿಗುವವನು ಒಬ್ಬ ಕುಡುಕ. ಅಮಲಿನಲ್ಲಿ ಮಾಡಿದೆ, ಬಿಟ್ಟುಬಿಡು, ದುಡ್ಡು ಕೊಡ್ತೀನಿ ಅಂತಾನೆ. ಲಂಚ ತಗೊಳ್ಳೋದು ಕೆಟ್ಟದ್ದು, ಕಮ್ಮಾರನಿಗೆ ನ್ಯಾಯ ಕೊಡಿಸೋದು ಒಳ್ಳೆಯದು, ಇದರಲ್ಲಿ ಯೋಚಿಸೋಕೆ ಏನಿದೆ ಅಂತ ಅವನ ಕತ್ತಿನಪಟ್ಟಿ ಹಿಡಿದು ತಂದು ನಿಲ್ಲಿಸಿದೆ. ಕಮ್ಮಾರ ಅವನನ್ನು ಊರನ್ನು ಗೆದ್ದ ಸೈನ್ಯದವರಿಗೆ ಒಪ್ಪಿಸಿದ. ಅವರು ಅಲ್ಲೇ ಗಲ್ಲಿಗೆ ಹಾಕಿದರು. ಒಂದು ಕುಲುಮೆಗೆ ಒಂದು ಜೀವ. ನೀಲಿ ಪಟ್ಟಿಯೂ ಇಲ್ಲ, ಕೆಂಪು ಪಟ್ಟಿಯೂ ಇಲ್ಲ, ಕಮ್ಮಾರನ ಅಂಗಡಿಯಲ್ಲಿ ಸ್ವಲ್ಪ ರಿಯಾಯಿತಿ ಸಿಕ್ಕಿತು ಅಷ್ಟೇ.

ಈಗ ಬ್ಯಾರನ್ ಕಥೆಗೆ ಬರೋಣ. ಈ ಗೇಮ್ ಬಗ್ಗೆ ಮಾತಾಡುವವರೆಲ್ಲ ಕೊನೆಗೆ ಅಲ್ಲಿಗೇ ಬರುತ್ತಾರೆ, ನಾನೇನು ಬೇರೆಯವನಲ್ಲ.

ವೆಲೆನ್ ಎಂಬ ಜೌಗು ಸೀಮೆ. ಅಲ್ಲಿನ ಕೋಟೆಯಲ್ಲಿ, ಸೈನ್ಯ ಬಿಟ್ಟು ಓಡಿಬಂದ ಒಬ್ಬ ದಪ್ಪ ಮೀಸೆಯವನು ತಾನೇ ಬ್ಯಾರನ್, ಅಂದರೆ ಆ ಸೀಮೆಯ ಒಡೆಯ, ಅಂತ ಹೇಳಿಕೊಂಡು ಕೂತಿದ್ದಾನೆ. ಸಿರಿ ಎಲ್ಲಿಗೆ ಹೋದಳು ಅಂತ ಅವನಿಗೆ ಗೊತ್ತು. ಆದರೆ ತನ್ನ ಹೆಂಡತಿ ಆನಾ ಮತ್ತು ಮಗಳು ತಮಾರಾ ಕಾಣೆಯಾಗಿದ್ದಾರೆ, ಅವರನ್ನು ಹುಡುಕಿಕೊಟ್ಟರೆ ಮಾತ್ರ ಹೇಳ್ತೀನಿ ಅಂತಾನೆ. ಹುಡುಕುತ್ತಾ ಹೋದ ಹಾಗೆ ಸಂಗತಿ ಹೊರಗೆ ಬರುತ್ತೆ: ಕುಡಿದು ಬಂದು ಹೆಂಡತಿಗೆ ಹೊಡೆಯುತ್ತಿದ್ದವನು ಇವನೇ, ಅವರು ಓಡಿಹೋದದ್ದು ಇವನಿಂದಲೇ. ಹೊಟ್ಟೆಯಲ್ಲಿದ್ದ ಮಗುವೂ ಹೋಗಿದೆ. ಅದನ್ನು ಯಾವ ಶಾಸ್ತ್ರವೂ ಇಲ್ಲದೆ ಹೂತಿದ್ದಾನೆ. ಆ ಮಗು ಪೋಲೆಂಡಿನ ಜಾನಪದದಲ್ಲಿ ಬರುವಂಥ ಒಂದು ಪಿಶಾಚಿಯಾಗಿ ಎದ್ದಿದೆ. ಅದನ್ನು ಕತ್ತಿಯಿಂದ ಕೊಲ್ಲಬಹುದು. ಅಥವಾ ಬ್ಯಾರನ್‌ನೇ ಅದನ್ನು ಕೈಯಲ್ಲಿ ಎತ್ತಿಕೊಂಡು, ಮಳೆಯಲ್ಲಿ ಮನೆಯ ಹೊಸ್ತಿಲವರೆಗೆ ನಡೆದು, ಹೆಸರಿಟ್ಟು ಮಣ್ಣು ಮಾಡಬಹುದು. ನಾನು ಎರಡನೆಯದನ್ನು ಆರಿಸಿದೆ. ಆ ದೊಡ್ಡ ದೇಹದ ಮನುಷ್ಯ ತಾನೇ ಹಾಳು ಮಾಡಿದ ಕೂಸನ್ನು ತಬ್ಬಿಕೊಂಡು, ಡೇಯಾ ಅಂತ ಹೆಸರಿಡುತ್ತಾನೆ. ಹತ್ತು ನಿಮಿಷದ ಹಿಂದೆ ಇವನ ಮುಖಕ್ಕೆ ಗುದ್ದಬೇಕು ಅಂತಿದ್ದೆ. ಈಗ ಗುದ್ದುವುದೋ ಬಿಡುವುದೋ ಗೊತ್ತಾಗದೆ ಕಂಟ್ರೋಲರ್ ಹಿಡಿದು ಸುಮ್ನೆ ಕೂತೆ.

ಅಸಲಿ ಆಯ್ಕೆ ಇರೋದು ಬೇರೆ ಕಡೆ. ಆನಾ ಸಿಕ್ಕುವುದು ಜೌಗಿನ ನಡುವೆ ಒಂದಷ್ಟು ಅನಾಥ ಮಕ್ಕಳನ್ನು ನೋಡಿಕೊಳ್ಳುತ್ತಾ. ಆ ಜಾಗದ ಒಡತಿಯರು ಮೂವರು ಮುದಿ ಮಾಯಾವಿಗಳು. ಊರವರಿಗೆ ಅವರೇ ದೇವತೆಗಳು, ಹೊಟ್ಟೆ ತುಂಬಿಸಿಕೊಳ್ಳುವುದು ಮಾತ್ರ ಮನುಷ್ಯರನ್ನು ತಿಂದು. ಗುಡ್ಡದ ಮರದಡಿ ಒಂದು ಆತ್ಮ ಸೆರೆಯಲ್ಲಿದೆ, ಅದನ್ನು ಕೊಂದು ಬಾ ಅಂತ ಅವರು ಹೇಳಿ ಕಳಿಸುತ್ತಾರೆ. ಹೋಗಿ ಕೇಳಿದರೆ ಆ ಆತ್ಮ ಬೇರೆ ಮಾತು ಹೇಳುತ್ತೆ: ನನ್ನನ್ನು ಬಿಡಿಸು, ಆ ಮಕ್ಕಳನ್ನು ಮುದುಕಿಯರ ಬಾಯಿಂದ ನಾನು ಉಳಿಸುತ್ತೇನೆ. ಅದನ್ನು ನಂಬಬಹುದಾ? ಅದರ ದನಿ ಕೇಳಿದರೆ ನಂಬುವ ಹಾಗಿಲ್ಲ. ಹಾಗಂತ ಮಕ್ಕಳನ್ನು ತಿನ್ನುವವರ ಮಾತನ್ನು ನಂಬೋದಾ? ಅತ್ತ ದರಿ, ಇತ್ತ ಪುಲಿ.

ಸೇವ್ ಮಾಡಿ, ಬಿಡಿಸಿದೆ. ಮಕ್ಕಳಿದ್ದಾರಲ್ಲ, ಇನ್ನೇನು ಮಾಡೋದು.

ಕಪ್ಪು ಕುದುರೆಯ ರೂಪದಲ್ಲಿ ಅದು ಹೊರಟುಹೋಯಿತು. ಒಳ್ಳೆಯದೇ ಆಯಿತು ಅಂದುಕೊಂಡು ನಾನೂ ಬೇರೆ ಕೆಲಸಕ್ಕೆ ಹೊರಟೆ. ಯಾವುದೋ ಬಾವಿಯ ದೆವ್ವ, ಯಾವುದೋ ಕಳ್ಳರ ಗುಂಪು, ಆರೇಳು ಗಂಟೆ ಆಟ ಕಳೆದಿರಬೇಕು. ಮತ್ತೆ ಆ ಕಡೆ ಬಂದಾಗ ಡೌನ್‌ವಾರೆನ್ ಎಂಬ ಹಳ್ಳಿಯೇ ನಾಶವಾಗಿತ್ತು. ಆ ಆತ್ಮ ತನ್ನ ಹಳೇ ಸೇಡು ತೀರಿಸಿಕೊಂಡಿತ್ತು. ಮಕ್ಕಳು ತಪ್ಪಿಸಿಕೊಂಡರಲ್ಲ ಅಂತ ಮುದುಕಿಯರು ಆನಾ ಮೇಲೆ ಸಿಟ್ಟು ತೀರಿಸಿಕೊಂಡು ಅವಳನ್ನು ಜೌಗಿನ ಪಿಶಾಚಿ ಮಾಡಿದ್ದರು. ಮಾಟ ಬಿಡಿಸಿದರೂ ಅವಳು ಗಂಡನ, ಮಗಳ ಕಣ್ಣೆದುರೇ ಸತ್ತಳು. ಬ್ಯಾರನ್ ಕೋಟೆಗೆ ಹಿಂತಿರುಗಿ ಅಂಗಳದ ಮರಕ್ಕೆ ನೇಣು ಹಾಕಿಕೊಂಡ. ಅವನಿದ್ದಾಗ ಅಷ್ಟಿಷ್ಟು ಹೆದರುತ್ತಿದ್ದ ಅವನ ಆಳುಗಳು ಆಮೇಲೆ ಸುತ್ತಲಿನ ಹಳ್ಳಿಗಳನ್ನು ಇನ್ನೂ ಜಾಸ್ತಿ ಗೋಳು ಹೊಯ್ದುಕೊಂಡರು.

ಲೋಡ್ ಮಾಡೋಣ ಅಂದರೆ ಆ ಸೇವ್ ಎಲ್ಲಿದೆ? ಆರೇಳು ಗಂಟೆ ಹಿಂದೆ. ಅಷ್ಟನ್ನೂ ಬಿಟ್ಟು ವಾಪಸ್ ಹೋದೆ ಅಂತಲೇ ಇಟ್ಟುಕೊಳ್ಳಿ, ಹೋಗಿ ಮಾಡೋದೇನು? ಆತ್ಮವನ್ನು ಕೊಂದರೆ ಮಕ್ಕಳು ಮುದುಕಿಯರ ಹೊಟ್ಟೆ ಸೇರುತ್ತವೆ. ಈ ಗೇಮ್‌ನ ಜಾಣತನ ಇರೋದು ಇಲ್ಲೇ ಅಂತ ನನ್ನ ಲೆಕ್ಕ. ಫಲವನ್ನು ತಡವಾಗಿ ಕೊಡುತ್ತೆ. ನನ್ನಂಥ ಸೇವ್ ವೀರರ ಕೈ ಕಟ್ಟಿಹಾಕೋಕೆ ಬೇರೆ ಯಾವ ನಿಯಮವನ್ನೂ ಅದು ತಂದಿಲ್ಲ, ಆ ಅಂತರ ಒಂದೇ ಸಾಕು. ಬಟನ್ ಒತ್ತಿದ ಮರುಕ್ಷಣ ಬಹುಮಾನವೋ ಬೈಗುಳವೋ ಬಂದರೆ ಅದು ರಸಪ್ರಶ್ನೆ ಆಗುತ್ತೆ. ತಡವಾಗಿ ಬಂದರೆ, ನೀನು ಆಗ ಏನು ಯೋಚನೆ ಮಾಡಿ ಒತ್ತಿದೆ ಅನ್ನೋದು ಮಾತ್ರ ಉಳಿಯುತ್ತೆ.

ಎರಡನೇ ಸಲ ಆಡುವಾಗ ಅಕ್ಕನ ಮಗಳು ಪಕ್ಕದಲ್ಲಿ ಕೂತಿದ್ದಳು, ಪಿಯುಸಿ ಹುಡುಗಿ. ಅದೇ ಮರ, ಅದೇ ಆತ್ಮ. ಮಕ್ಕಳನ್ನು ಉಳಿಸಬೇಕಲ್ವಾ ಅಂತ ನಾನು ವಿವರಿಸಿದೆ. ಅವಳು ಚಿಪ್ಸ್ ತಿನ್ನುತ್ತಲೇ, "ಮಾಮಾ, ಆ ಊರಲ್ಲೂ ಮಕ್ಕಳು ಇರ್ತಾರಲ್ವಾ?" ಅಂದಳು. ಮೊದಲ ಸಲ ನೂರು ಗಂಟೆ ಆಡಿದ ನನಗೆ ಈ ಪ್ರಶ್ನೆ ಒಮ್ಮೆಯೂ ಹೊಳೆದಿರಲಿಲ್ಲ. ಜೌಗಿನ ಮಕ್ಕಳಿಗೆ ಹೆಸರಿತ್ತು, ಅವರ ಜೊತೆ ಮಾತಾಡಿದ್ದೆ. ಊರಿನ ಮಕ್ಕಳನ್ನು ನಾನು ಸರಿಯಾಗಿ ನೋಡೇ ಇರಲಿಲ್ಲ.

ಇನ್ನೊಂದು ಸಣ್ಣ ಕ್ವೆಸ್ಟ್ (ಗೇಮ್ ಒಪ್ಪಿಸುವ ಕೆಲಸ) ಹೇಳಲೇಬೇಕು, ಎಷ್ಟೋ ಜನ ಇದನ್ನು ನೋಡದೇ ದಾಟಿಬಿಡುತ್ತಾರೆ. ಹಾನರ್ಟನ್ ಎಂಬ ಹಳ್ಳಿಯಲ್ಲಿ ಎಲ್ಲರ ಹೆಣ ಬಿದ್ದಿದೆ, ಒಬ್ಬ ಚಿಕ್ಕ ಹುಡುಗಿ ಮಾತ್ರ ಬದುಕಿದ್ದಾಳೆ. ಕೊಂದವನು ಗೇಟನ್, ಗೆರಾಲ್ಟ್‌ನ ಹಾಗೇ ರಾಕ್ಷಸ ಬೇಟೆಯವನು. ಕಾಡಿನ ಭೂತವನ್ನು ಕೊಂದು ಕೂಲಿ ಕೇಳಿದಾಗ ಊರವರು 12 ಕ್ರೌನ್ ಕೊಡಲು ಬಂದರು. ಅವನು ಒಪ್ಪಲಿಲ್ಲ. ಕೊಡ್ತೀವಿ ಬಾ ಅಂತ ಕರೆದುಕೊಂಡು ಹೋಗಿ ಹುಲ್ಲೆತ್ತುವ ಕವೆಗೋಲಿನಿಂದ ಇರಿದರು. ಇವನು ತಿರುಗಿಬಿದ್ದು ಊರಿಗೆ ಊರನ್ನೇ ಮುಗಿಸಿದ. ಆ ಹುಡುಗಿ ತನ್ನ ತಂಗಿಯ ಹಾಗೆ ಕಂಡಳಂತೆ, ಬಿಟ್ಟ. ನಾನೂ ಅವನನ್ನು ಬಿಟ್ಟೆ. ಯಾಕೆಂದರೆ ಅಷ್ಟು ಹೊತ್ತಿಗೆ ಕೂಲಿ ವಿಷಯದಲ್ಲಿ ನನ್ನ ಜೊತೆ ಜಗಳ ತೆಗೆದ ಹಳ್ಳಿಗಳನ್ನು ನೋಡಿ ನೋಡಿ ನನಗೂ ರೋಸಿಹೋಗಿತ್ತು. ಬಿಟ್ಟಿದ್ದಕ್ಕೆ ಅವನು ತನ್ನ ಗುಪ್ತ ಗಂಟಿನ ಜಾಗ ಹೇಳಿದ, ಅಲ್ಲಿ ಒಂದು ಒಳ್ಳೆಯ ಕತ್ತಿ. ಆ ಕತ್ತಿಯನ್ನು ಮುಂದೆ ತುಂಬ ದಿನ ಬಳಸಿದೆ. ಕತ್ತಿ ಸಿಗುತ್ತೆ ಅಂತ ಮೊದಲೇ ಗೊತ್ತಿದ್ದರೆ ಬಿಡುತ್ತಿದ್ದೆನೋ, ಕೊಲ್ಲುತ್ತಿದ್ದೆನೋ? ಗೊತ್ತಿಲ್ಲ ಅಂತ ಹೇಳಿದರೆ ಸುಳ್ಳಾಗುತ್ತೆ, ಖಂಡಿತ ಬಿಡುತ್ತಿದ್ದೆ.

ಕೊನೆಯಲ್ಲಿ ಸಿರಿಗೆ ಏನಾಗುತ್ತೆ ಅನ್ನೋದನ್ನು ತೀರ್ಮಾನಿಸುವುದು ದೊಡ್ಡ ಯುದ್ಧಗಳಲ್ಲ. ಅವಳ ಜೊತೆ ಹೇಗೆ ಮಾತಾಡಿದಿರಿ ಅನ್ನುವ ನಾಲ್ಕೈದು ಸಣ್ಣ ಸಂದರ್ಭಗಳು. ಮಾಟಗಾತಿಯರ ಸಭೆಗೆ ಅವಳನ್ನು ಒಬ್ಬಳನ್ನೇ ಕಳಿಸಿದಿರಾ, ಇಲ್ಲ ಹಿಂದೆ ಹೋದಿರಾ? ತನಗೆ ಸಹಾಯ ಮಾಡಿದ ಹುಡುಗನ ಸಮಾಧಿಗೆ ಹೋಗಬೇಕು ಅಂದಾಗ ಟೈಮಿಲ್ಲ ಅಂದಿರಾ? ತಾತನಂತಿದ್ದ ಗುರು ಸತ್ತ ಮೇಲೆ ಅವಳು ಕುಗ್ಗಿ ಕೂತಾಗ ಎರಡು ಉತ್ತರ ಬರುತ್ತೆ. ಒಂದು, ಎಲ್ಲದರಲ್ಲೂ ಗೆಲ್ಲಲೇಬೇಕು ಅಂತೇನಿಲ್ಲ ಅನ್ನುವ ಅರ್ಥದ್ದು, ಅದನ್ನು ಆರಿಸಿದರೆ ಇಬ್ಬರೂ ಕೂತು ಕುಡಿಯುತ್ತಾರೆ. ಇನ್ನೊಂದನ್ನು ಆರಿಸಿದರೆ ಹೊರಗೆ ಹೋಗಿ ಹಿಮದ ಉಂಡೆ ಎಸೆದಾಡುತ್ತಾರೆ. ನಾನು ಮೊದಲನೆಯದನ್ನೇ ಒತ್ತಿದೆ, ಸಮಾಧಾನದ ಮಾತು ಅಂತ. ಗೇಮ್ ಅದನ್ನು ಅವಳ ಮೇಲೆ ನಂಬಿಕೆ ಇಲ್ಲದ ಮಾತು ಅಂತ ಲೆಕ್ಕ ಹಾಕಿತು. ಇಂಥವು ಸೇರಿ ಸೇರಿ ನನಗೆ ಬಂದದ್ದು ಅತಿ ಕೆಟ್ಟ ಅಂತ್ಯ: ಸಿರಿ ವಾಪಸ್ ಬರಲಿಲ್ಲ, ಅವಳ ಪದಕ ಹುಡುಕಿಕೊಂಡು ಗೆರಾಲ್ಟ್ ಒಬ್ಬನೇ ಅದೇ ಜೌಗಿಗೆ ಹೋಗಿ ಕೂರುತ್ತಾನೆ.

ಸಿಟ್ಟು ಬಂತು. ಇದೇನು ಅನ್ಯಾಯ, ಸಮಾಧಾನ ಹೇಳಿದ್ದು ತಪ್ಪಾ? ಆಮೇಲೆ ನೆನಪಾಯಿತು. ಅದೇ ಅಕ್ಕನ ಮಗಳು ಹಿಂದಿನ ವರ್ಷ ಒಂದು ವಿಷಯದಲ್ಲಿ ಫೇಲಾಗಿದ್ದಾಗ, "ಹೋಗ್ಲಿ ಬಿಡು, ಎಲ್ಲರಿಗೂ ಫಿಸಿಕ್ಸ್ ಬರಬೇಕು ಅಂತೇನಿಲ್ಲ" ಅಂದಿದ್ದೆ. ಅವಳು ಎರಡು ವಾರ ನನ್ನ ಜೊತೆ ಸರಿಯಾಗಿ ಮಾತಾಡಿರಲಿಲ್ಲ.

ಹೊಗಳಿದ್ದು ಸಾಕು. ದೊಡ್ಡ ದೂರು ಒಂದಿದೆ. ಪರದೆ ಮೇಲೆ ಬರುವ ಉತ್ತರ ಒಂದು, ಗೆರಾಲ್ಟ್ ಮಾಡುವುದು ಇನ್ನೊಂದು. ನೊವಿಗ್ರಾಡ್‌ನಲ್ಲಿ ಡೈಕ್‌ಸ್ಟ್ರಾ ಎಂಬ ಹಳೇ ಗೂಢಚಾರ ದಾರಿಗೆ ಅಡ್ಡ ನಿಲ್ಲುತ್ತಾನೆ. ಜೋರಾಗಿ ಪಕ್ಕಕ್ಕೆ ತಳ್ಳು ಅಂತ ಒಂದು ಆಯ್ಕೆ ಬರುತ್ತೆ. ಸರಿ, ತಳ್ಳೋಣ ಅಂತ ಒತ್ತಿದರೆ ಗೆರಾಲ್ಟ್ ಅವನ ಕಾಲನ್ನೇ ಲಟಕ್ಕನೆ ಮುರಿಯುತ್ತಾನೆ! ಅಲ್ಲಿಗೆ ಮುಗಿಯೋದಿಲ್ಲ. ಅವನ ಸಹಾಯ ತಪ್ಪುತ್ತೆ, ರಾಜ ರಾಡೋವಿಡ್‌ನನ್ನು ಕೊಲ್ಲುವ ಸಂಚಿನ ಕ್ವೆಸ್ಟ್ ಮುಚ್ಚಿಹೋಗುತ್ತೆ, ಆ ಹುಚ್ಚು ರಾಜ ಯುದ್ಧ ಗೆದ್ದು ಮಾಟಗಾರರನ್ನೂ ಮನುಷ್ಯರಲ್ಲದ ಜನರನ್ನೂ ಬೇಟೆಯಾಡುತ್ತಾನೆ. ಬ್ಯಾರನ್ ವಿಷಯದಲ್ಲಿ ನನಗೆ ಮುಂದೇನಾಗುತ್ತೆ ಅಂತ ಗೊತ್ತಿರಲಿಲ್ಲ, ಆದರೆ ಏನು ಮಾಡುತ್ತಿದ್ದೇನೆ ಅಂತ ಗೊತ್ತಿತ್ತು. ಇಲ್ಲಿ ಅದೂ ಗೊತ್ತಿರಲಿಲ್ಲ. ಇದನ್ನು ಆಯ್ಕೆ ಅಂತ ಕರೆಯೋದು ಹೇಗೆ? ಎರಡನೇ ಸಲ ಆ ಸಂಚಿನವರೆಗೂ ಹೋದೆ. ಅದರ ಕೊನೆಯೂ ಪೇಲವ. ಅಷ್ಟು ಜಾಣ ಡೈಕ್‌ಸ್ಟ್ರಾ ಗೆರಾಲ್ಟ್‌ನ ಎದುರೇ ಅವನ ಗೆಳೆಯರನ್ನು ಕೊಲ್ಲಲು ನಿಲ್ಲುತ್ತಾನೆ. ಪಕ್ಕದ ಕೋಣೆಯಲ್ಲಿ ಮಾಡಿದ್ದರೆ ಆಗುತ್ತಿರಲಿಲ್ಲವಾ ಮಾರಾಯ?

ಉಳಿದದ್ದು ಚುಟುಕಾಗಿ. ಕತ್ತಿ ಜಗಳ ಇಪ್ಪತ್ತು ಗಂಟೆ ಆದಮೇಲೆ ಒಂದೇ ಥರ ಅನಿಸುತ್ತೆ. ಮಗಳ ಜೀವ ಅಪಾಯದಲ್ಲಿದೆ, ಅಪ್ಪ ಹೆಂಡದಂಗಡಿಯಲ್ಲಿ ಕೂತು ಗ್ವೆಂಟ್ ಎಂಬ ಇಸ್ಪೀಟಿನಂಥ ಆಟ ಆಡುತ್ತಿರುತ್ತಾನೆ, ಅದನ್ನು ನೀವೇ ಮನ್ನಿಸಬೇಕು. ಕೊಳ್ಳುವುದಾದರೆ ಕಂಪ್ಲೀಟ್ ಎಡಿಷನ್ ಕೊಳ್ಳಿ, ಮೂಲ ಗೇಮ್‌ಗೆ ಆಮೇಲೆ ಸೇರಿಸಿದ ಎರಡೂ ದೊಡ್ಡ ಎಕ್ಸ್‌ಪ್ಯಾನ್ಷನ್‌ಗಳು ಅದರಲ್ಲೇ ಇವೆ, ಎರಡರ ಕೊನೆಯಲ್ಲೂ ತಲೆ ಕೆರೆದುಕೊಳ್ಳುವಂಥ ಒಂದೊಂದು ತೀರ್ಮಾನ ಕಾದಿದೆ. ಕನ್ನಡದಲ್ಲಿ ಇಲ್ಲ, ಇಂಗ್ಲಿಷ್ ಸಬ್‌ಟೈಟಲ್ ಹಾಕಿಕೊಂಡು ನಿಧಾನಕ್ಕೆ ಓದುತ್ತಾ ಆಡಿ, ಡೈಲಾಗ್ ಹಾರಿಸುವವರಿಗೆ ಇದು ಬೇಡವೇ ಬೇಡ. 18 ದಾಟಿದವರಿಗೆ ಅಂತ ಪೆಟ್ಟಿಗೆ ಮೇಲಿದೆ, ಅದು ಸುಮ್ನೆ ಅಲ್ಲ. ನಗ್ನ ದೃಶ್ಯಗಳಿವೆ, ರಕ್ತ ಧಾರಾಳವಾಗಿದೆ. ಅಕ್ಕನ ಮಗಳು ಬಂದಾಗ ಕೆಲವು ಕಡೆ ನಾನು ನೀರು ತರುವ ನೆಪದಲ್ಲಿ ಪಾಜ್ ಒತ್ತಿ ಆಟ ನಿಲ್ಲಿಸಿದ್ದೂ ಉಂಟು.

ಹಾಂ, ಆ ಮರ. ಅವಳ ಮಾತಿನಂತೆ ಈ ಸಲ ಆತ್ಮವನ್ನು ಕೊಂದೆವು. ಡೌನ್‌ವಾರೆನ್ ಉಳಿಯಿತು. ಬುದ್ಧಿ ಕಳೆದುಕೊಂಡ ಆನಾಳನ್ನು ಕರೆದುಕೊಂಡು ಬ್ಯಾರನ್ ವೈದ್ಯನನ್ನು ಹುಡುಕುತ್ತಾ ನೀಲಿ ಬೆಟ್ಟಗಳ ಕಡೆ ಹೊರಟ. ಕುಡಿತ ಬಿಟ್ಟನೋ ಇಲ್ಲವೋ ಅಂತ ಅಕ್ಕನ ಮಗಳು ಕೇಳಿದಳು. ಜೌಗಿನ ಮಕ್ಕಳ ಗುಡಿಸಲು ಖಾಲಿ. ಅವಳು ಚಿಪ್ಸ್ ಪ್ಯಾಕೆಟ್ ಮಡಿಚಿಟ್ಟು, "ಮಾಮಾ, ಹಳೇ ಸೇವ್ ಇದೆಯಾ?" ಅಂದಳು. ಇದೆ, ಇನ್ನೂ ಅಳಿಸಿಲ್ಲ.