ಎರಿಕ್ ಆಂಡ್ರೆ ಶೋ ನೋಡೋದಾ, ಸ್ಪೇಸ್ ಘೋಸ್ಟ್ ನೋಡೋದಾ?

ಸೋಫಾ, ಸೂಟು, ಹೊಸ ಸಿನಿಮಾದ ಪ್ರಚಾರ. ಇಂಥ ಮಾಮೂಲಿ ಲೇಟ್ ನೈಟ್ ಟಾಕ್ ಶೋಗಳು ಸಾಕಾಗಿದ್ದರೆ ಅಮೆರಿಕದ ಈ ಎರಡರಲ್ಲಿ ಒಂದನ್ನು ನೋಡಿ.

‘ಸ್ಪೇಸ್ ಘೋಸ್ಟ್ ಕೋಸ್ಟ್ ಟು ಕೋಸ್ಟ್’ 1994ರಲ್ಲಿ ಕಾರ್ಟೂನ್ ನೆಟ್‌ವರ್ಕ್‌ನಲ್ಲಿ ಶುರುವಾಯಿತು. ನಿರೂಪಕ ಸ್ಪೇಸ್ ಘೋಸ್ಟ್ 1960ರ ದಶಕದ ಕಾರ್ಟೂನ್ ಹೀರೊ, ಕೀಬೋರ್ಡ್ ನುಡಿಸುವವನು ಅವನ ಹಳೇ ವೈರಿ ಜೋರಾಕ್. ಅತಿಥಿಗಳು ಮಾತ್ರ ನಿಜವಾದ ಮನುಷ್ಯರು. ಅವರ ಉತ್ತರಗಳಿಗೆ ಆಮೇಲೆ ಬೇರೆಯೇ ಪ್ರಶ್ನೆ ಜೋಡಿಸುತ್ತಿದ್ದರು, ಹಾಗಾಗಿ ಇಬ್ಬರ ಮಾತಿಗೂ ತಾಳಮೇಳವೇ ಇರುವುದಿಲ್ಲ, ನಗು ಬರುವುದೇ ಅಲ್ಲಿ.

2012ರಲ್ಲಿ ಕಾರ್ಟೂನ್ ನೆಟ್‌ವರ್ಕ್‌ನ ರಾತ್ರಿ ಹೊತ್ತಿನ, ದೊಡ್ಡವರ ವಿಭಾಗ ಅಡಲ್ಟ್ ಸ್ವಿಮ್‌ನಲ್ಲಿ ಬಂದ ‘ದಿ ಎರಿಕ್ ಆಂಡ್ರೆ ಶೋ’ಗೆ ಇದೇ ಸ್ಫೂರ್ತಿ. ಆದರೆ ಇಲ್ಲಿ ಎಲ್ಲವೂ ಮೈಮೇಲೆ ಬರುತ್ತದೆ! ನಿರೂಪಕ ಎರಿಕ್ ಶುರುವಿನಲ್ಲೇ ಸೆಟ್ ಒಡೆದು ಹಾಕುತ್ತಾನೆ, ಒಡೆದಷ್ಟೂ ಹೊಸ ಮೇಜು ಬರುತ್ತದೆ, ಮೊದಲ ನಾಲ್ಕು ಸೀಸನ್‌ಗಳಲ್ಲಿ ಪಕ್ಕದಲ್ಲಿರುವ ಸಹನಿರೂಪಕ ಹ್ಯಾನಿಬಲ್ ಬ್ಯೂರಸ್ ಮಾತ್ರ ಏನೂ ಆಗದವನಂತೆ ಕೂತಿರುತ್ತಾನೆ. ಅತಿಥಿಗಳ ಗಾಬರಿ ನಿಜವಾದದ್ದು. ಬೀದಿಯ ಪ್ರ್ಯಾಂಕ್‌ಗಳೂ ಇವೆ. ಬೆತ್ತಲೆ, ವಾಂತಿ, ಕೆಟ್ಟ ಮಾತು ಜಾಸ್ತಿ. ಮನೆಯವರ ಜೊತೆ ಖಂಡಿತ ಬೇಡ.

ಎರಡರಲ್ಲೂ ಕಂತುಗಳು ಹೆಚ್ಚಾಗಿ ಕಾಲು ಗಂಟೆಯೊಳಗೆ ಮುಗಿಯುತ್ತವೆ. ವಿಚಿತ್ರ ಮೌನ ಇಷ್ಟವಾದರೆ ಸ್ಪೇಸ್ ಘೋಸ್ಟ್. ನನ್ನ ಓಟು ಎರಿಕ್‌ಗೆ, ಯಾಕೆಂದರೆ ಮುಂದಿನ ಕ್ಷಣ ಏನಾಗುತ್ತದೆ ಅಂತ ಅಲ್ಲಿ ಅತಿಥಿಗೇ ಗೊತ್ತಿರುವುದಿಲ್ಲ.