ನೀರಿನಲ್ಲಿ ಅರಳಿದ ‘ನಾಗಸಂಜೀವಿನಿ’ಯನ್ನು ನೋಡುತ್ತಾ ನಾವು ಕಳೆದುಕೊಂಡ ಹೊತ್ತು

ಕೇರಳದ ಕಾಸರಗೋಡು ಜಿಲ್ಲೆಯ ಬದಿಯಡ್ಕದಿಂದ ಒಳಗೆ ನಮ್ಮ ಅಡಿಕೆ ತೋಟ. ಕಳೆದ ಏಪ್ರಿಲಿನ ಒಂದು ಮುಸ್ಸಂಜೆ ಸ್ಪ್ರಿಂಕ್ಲರ್ ನಿಲ್ಲಿಸಲು ತೋಟಕ್ಕೆ ಇಳಿದ ಚಿಕ್ಕಪ್ಪನಿಗೆ, ಬಿದ್ದ ಹಾಳೆಯ ಅಡಿಯಲ್ಲಿದ್ದ ಕೊಳಕುಮಂಡಲ ಕಚ್ಚಿತು. ಅಂಗಳದಲ್ಲಿ ಜೀಪು ನಿಂತಿತ್ತು. ಆಸ್ಪತ್ರೆಗೆ ಮುಕ್ಕಾಲು ಗಂಟೆಯ ದಾರಿ. ಆದರೂ ನಾವು ಮನೆಯಿಂದ ಹೊರಟದ್ದು ಸುಮಾರು ಎರಡು ಗಂಟೆಯ ನಂತರ. ಮನೆಯಲ್ಲಿ ಹಾವಿನ ವಿಷ ಇಳಿಸುತ್ತದೆಂದು ನಂಬಿದ್ದ ‘ನಾಗಸಂಜೀವಿನಿ’ ಎಂಬ ಒಂದು ಗಿಡ ಇತ್ತು, ಅದಕ್ಕಾಗಿ. ಅದನ್ನು ದುಡ್ಡು ಕೊಟ್ಟು ತಂದವಳು ನಾನು.

ಫೆಬ್ರವರಿಯಲ್ಲಿ ಹತ್ತಿರದ ಒಂದು ಉತ್ಸವದ ಗದ್ದೆಯಲ್ಲಿ ಅದನ್ನು ಮಾರುತ್ತಿದ್ದರು. ಮುದುಡಿದ ಕಂದು ಉಂಡೆಗಳ ರಾಶಿ, ಮುಂದೆ ಒಂದು ಗಾಜಿನ ಪಾತ್ರೆ, ಪಕ್ಕದಲ್ಲಿ ಬಿಳಿ ಫ್ಲಾಸ್ಕ್. ಮಾರುವವ ಫ್ಲಾಸ್ಕಿನ ನೀರನ್ನು ಸುರಿದು ಒಂದು ಉಂಡೆಯನ್ನು ಹಾಕಿ ಕಥೆ ಶುರು ಮಾಡಿದ. ಜಾಂಬವಂತ ಹೇಳಿದ ನಾಲ್ಕು ಮೂಲಿಕೆಗಳು, ಯಾವುದು ಯಾವುದೆಂದು ತಿಳಿಯದೆ ಹನುಮಂತ ಪರ್ವತವನ್ನೇ ಹೊತ್ತು ತಂದದ್ದು, ಎಲ್ಲವನ್ನೂ ತಾಳಮದ್ದಳೆಯ ಅರ್ಥಧಾರಿಯಂತೆ ಸೊಗಸಾಗಿ ಹೇಳಿದ. ಲಕ್ಷ್ಮಣ ಏಳುವ ಹೊತ್ತಿಗೆ ಪಾತ್ರೆಯಲ್ಲಿ ಎಲೆಗಳು ಬಿಚ್ಚಿಕೊಳ್ಳುತ್ತಿದ್ದವು. ನನ್ನ ಮೈ ಜುಮ್ಮೆಂದಿತು. ಅದು ಸುಳ್ಳಲ್ಲ, ಕಣ್ಣೆದುರೇ ಆದದ್ದು.

ಅದರ ಗುಣಗಳೆಂದು ಆತ ಹೇಳಿದ್ದು ಒಂದೆರಡಲ್ಲ. ಮನೆಯಲ್ಲಿದ್ದರೆ ಹಾವು ಅಂಗಳ ದಾಟಿ ಬರುವುದಿಲ್ಲ. ಮನೆಯವರಿಗೆ ಕಾಯಿಲೆ ಬರುವ ಮೊದಲೇ ಎಲೆಯ ಅಂಚು ಕಪ್ಪಾಗುತ್ತದೆ. ಅಮಾವಾಸ್ಯೆಯ ರಾತ್ರಿ ಮಿನುಗುತ್ತದೆ. ನೆನೆಸಿದ ನೀರನ್ನು ಕುಡಿಸಿ, ಎಲೆಯನ್ನು ಗಾಯದ ಮೇಲೆ ಇಟ್ಟರೆ, ಗಿಡ ಪೂರ್ತಿ ಅರಳುವಷ್ಟರಲ್ಲಿ ವಿಷ ಇಳಿದಿರುತ್ತದೆ. ಅದು ಪೂರ್ತಿ ಅರಳುವವರೆಗೆ ರೋಗಿ ಹೊಸಿಲು ದಾಟಬಾರದು. ಈ ಕೊನೆಯ ಮಾತೇ ನಮ್ಮನ್ನು ಕಟ್ಟಿಹಾಕಿತು.

ಓದಿದವಳು ಹೇಗೆ ನಂಬಿದೆ ಎಂದು ಕೇಳುವವರಿಗೆ ಹೇಳುತ್ತೇನೆ. 2020ರ ಮಾರ್ಚ್ ಕೊನೆಯಲ್ಲಿ, ಕೊರೋನಾ ಕಾಲದಲ್ಲಿ, ತಲಪಾಡಿಯಲ್ಲಿ ಕರ್ನಾಟಕದ ಗಡಿ ಮುಚ್ಚಿದಾಗ ಮಂಗಳೂರಿನ ಆಸ್ಪತ್ರೆಗೆ ತಲುಪಲಾಗದೆ ನಮ್ಮ ಜಿಲ್ಲೆಯ ರೋಗಿಗಳು ಸತ್ತರು. ಅಂದಿನಿಂದ ಮನೆಯಲ್ಲೇ ಏನಾದರೂ ಇರಲಿ ಎಂಬ ಭಯ ನಮ್ಮಂಥವರ ಎದೆಯಲ್ಲಿ ಕೂತಿದೆ. ಮಾರುವವನಿಗೆ ಅದು ಚೆನ್ನಾಗಿ ಗೊತ್ತಿತ್ತು. ‘ಗಡಿ ಮುಚ್ಚಿದರೂ ಇದು ನಿಮ್ಮ ಕಪಾಟಿನಲ್ಲಿ ಇರುತ್ತದೆ ಅಕ್ಕಾ’ ಎಂದ. 2,800 ರೂಪಾಯಿ ಕೊಟ್ಟೆ.

ಆ ಸಂಜೆ ಚಿಕ್ಕಪ್ಪ ತಾವೇ ನಡೆದು ಬಂದು ಜಗಲಿಯಲ್ಲಿ ಕುಳಿತರು. ಟಾರ್ಚಿನ ಬೆಳಕಿನಲ್ಲಿ ಬೆನ್ನಿನ ಸರಪಳಿಯಂಥ ಕಲೆಗಳನ್ನು ಕಂಡಿದ್ದರು, ಯಾವ ಹಾವೆಂಬ ಅನುಮಾನ ಇರಲಿಲ್ಲ. ನಾನು ಅಳತೊಡಗಿದಾಗ ‘ಗಾಬರಿ ಬೇಡ ಮಗಳೇ, ನೀನು ತಂದದ್ದು ಇದೆಯಲ್ಲ’ ಎಂದರು. ಚಿಕ್ಕಮ್ಮ ಕಂಚಿನ ಬೋಗುಣಿಯಲ್ಲಿ ನೀರು ತಂದರು. ನಮ್ಮದು ಬಾವಿಯ ತಣ್ಣೀರು, ಉಂಡೆ ಬೇಗ ಬಿಚ್ಚಲಿಲ್ಲ. ಎಲ್ಲರೂ ಬೋಗುಣಿಯ ಸುತ್ತ ಕುಳಿತು ಕಾದೆವು. ಒಂದೊಂದು ಎಲೆ ಬಿಚ್ಚಿದಾಗಲೂ ‘ವಿಷ ಇಳಿಯುತ್ತಿದೆ’ ಎಂದು ಒಬ್ಬರಿಗೊಬ್ಬರು ಹೇಳಿಕೊಂಡೆವು. ಅತ್ತ ಪಾದ ಊದಿ, ಊತ ಮೊಣಕಾಲಿಗೆ ಏರುತ್ತಿತ್ತು. ಕೊನೆಗೆ ಚಿಕ್ಕಪ್ಪ ಉಗುಳಿದ ಎಂಜಲಿನಲ್ಲಿ ರಕ್ತ ಕಂಡಿತು, ಒಸಡಿನಿಂದ ಬಂದದ್ದು. ಆಗ ಗಿಡ ಅಂಗೈಯಗಲ ಹಸಿರಾಗಿ ಅರಳಿ ನಿಂತಿತ್ತು. ಆ ಹಸಿರನ್ನು ನಾನು ಇವತ್ತಿಗೂ ಮರೆತಿಲ್ಲ.

ಆಸ್ಪತ್ರೆಯಲ್ಲಿ ಒಂದು ಒಣ ಗಾಜಿನ ನಳಿಕೆಗೆ ರಕ್ತ ತೆಗೆದು ಅಲ್ಲಾಡಿಸದೆ ಇಪ್ಪತ್ತು ನಿಮಿಷ ಇಟ್ಟರು. ಹೆಪ್ಪುಗಟ್ಟಬೇಕಿದ್ದ ರಕ್ತ ನೀರಿನಂತೆಯೇ ಇತ್ತು. ಕೊಳಕುಮಂಡಲದ ವಿಷ ಮಾಡುವುದೇ ಇದನ್ನು, ಜೊತೆಗೆ ಮೂತ್ರಪಿಂಡವನ್ನೂ ಕೆಡಿಸುತ್ತದೆ. ಹತ್ತು ಸೀಸೆ ಪ್ರತಿವಿಷ ಕೊಟ್ಟರು, ಆಮೇಲೆ ಮತ್ತೆ ಕೊಟ್ಟರು. ‘ಕಚ್ಚಿ ಎಷ್ಟು ಹೊತ್ತಾಯಿತು?’ ಎಂದು ವೈದ್ಯರು ಕೇಳಿದಾಗ ಚಿಕ್ಕಮ್ಮ ನನ್ನ ಮುಖ ನೋಡಿದರು. ಪ್ರತಿವಿಷ ರಕ್ತದಲ್ಲಿ ಓಡಾಡುತ್ತಿರುವ ವಿಷವನ್ನು ಹಿಡಿಯುತ್ತದೆ, ಆಗಿಹೋದ ಹಾನಿಯನ್ನು ತಿರುಗಿಸಲಾರದು ಎಂದು ಅವರು ಶಾಂತವಾಗಿ ವಿವರಿಸಿದರು. ಒಂಬತ್ತು ಬಾರಿ ಡಯಾಲಿಸಿಸ್ ಆಯಿತು. ಚಿಕ್ಕಪ್ಪ ಬದುಕಿದರು. ಎಡಗಾಲಿಗೆ ತೊಡೆಯ ಚರ್ಮ ಹಾಕಿದ್ದಾರೆ. ತೋಟಕ್ಕೆ ಇಳಿಯುವುದು ನಿಂತಿದೆ.

ಗಿಡದ ಗುಟ್ಟನ್ನು ಆಮೇಲೆ ತಿಳಿದುಕೊಂಡೆ. ಅದು ಜರೀಗಿಡಗಳ ದೂರದ ನೆಂಟ, ಹೆಸರು ಸೆಲಾಜಿನೆಲ್ಲಾ ಬ್ರಯೋಪ್ಟೆರಿಸ್. ಬಂಡೆಯ ಮೇಲೆ ಬೆಳೆಯುತ್ತದೆ, ಬೇಸಿಗೆಯಲ್ಲಿ ಮುದುಡಿ ಮಳೆಗೆ ಮತ್ತೆ ಹಸಿರಾಗುತ್ತದೆ. ಅದರ ಮಟ್ಟಿಗೆ ಅದು ಅದ್ಭುತವೇ. ಆದರೆ ಬಿಚ್ಚಿಕೊಳ್ಳಲು ಜೀವವೇ ಬೇಕಿಲ್ಲ. ಹಾಳೆ ತಟ್ಟೆ ಮಾಡುವ ಮೊದಲು ಒಣ ಹಾಳೆಯನ್ನು ನೀರಿನಲ್ಲಿ ಇಟ್ಟರೆ ಮೆತ್ತಗಾಗುವುದಿಲ್ಲವೇ, ಇದೂ ನೀರು ಹೀರಿ ಬಿಚ್ಚುವುದು ಅಷ್ಟೆ. ನಾನು ಬೇರು ಕತ್ತರಿಸಿ, ಕುದಿಸಿ, ಬಿಸಿಲಿನಲ್ಲಿ ಒಣಗಿಸಿದೆ. ಮುದುಡಿತು. ನೀರಿಗೆ ಹಾಕಿದೆ. ಅರಳಿತು. ರಾಮಾಯಣದ ಗಿಡವನ್ನು ಹುಡುಕಲು 2016ರಲ್ಲಿ ಉತ್ತರಾಖಂಡ ಸರ್ಕಾರ 25 ಕೋಟಿ ರೂಪಾಯಿಯ ಯೋಜನೆ ಪ್ರಕಟಿಸಿತ್ತು. ಸರ್ಕಾರವೇ ಹುಡುಕಲು ಹೊರಟ ಗಿಡ ನಮ್ಮ ಉತ್ಸವದ ಗದ್ದೆಯಲ್ಲಿ ರಾಶಿ ಬಿದ್ದಿರಲು ಹೇಗೆ ಸಾಧ್ಯ ಎಂದು ಅಂದು ನನಗೆ ಹೊಳೆಯಲಿಲ್ಲ.

‘ನಮ್ಮ ಮಾವನಿಗೆ ಇದರಿಂದಲೇ ಗುಣವಾಯಿತು’ ಎನ್ನುವವರು ನಿಮಗೂ ಸಿಗುತ್ತಾರೆ, ಅವರು ಸುಳ್ಳು ಹೇಳುತ್ತಿಲ್ಲ. ಕಚ್ಚುವ ಹಾವುಗಳಲ್ಲಿ ಹೆಚ್ಚಿನವು ವಿಷದವಲ್ಲ. ವಿಷದ ಹಾವೂ ಕೆಲವೊಮ್ಮೆ ವಿಷ ಬಿಡದೆ ಕಚ್ಚುತ್ತದೆ. ಅಂಥ ಮನುಷ್ಯ ಬರಿಯ ನೀರು ಕುಡಿದರೂ ಎದ್ದು ಕೂರುತ್ತಿದ್ದ. 2000ದಿಂದ 2019ರವರೆಗೆ ಭಾರತದಲ್ಲಿ ವರ್ಷಕ್ಕೆ ಸರಾಸರಿ 58,000 ಜನ ಹಾವು ಕಚ್ಚಿ ಸತ್ತಿದ್ದಾರೆ ಎಂಬುದು ಒಂದು ದೊಡ್ಡ ಅಧ್ಯಯನದ ಅಂದಾಜು. ಅವರ ಪರವಾಗಿ ಉತ್ಸವದಲ್ಲಿ ನಿಂತು ಹೇಳುವವರಿಲ್ಲ.

ಕೇರಳ ಅರಣ್ಯ ಇಲಾಖೆಯ ‘ಸರ್ಪ’ ಆಪ್ ಅನ್ನು ಇವತ್ತೇ ಮೊಬೈಲಿಗೆ ಹಾಕಿಕೊಳ್ಳಿ, ಪ್ರತಿವಿಷ ಇರುವ ಆಸ್ಪತ್ರೆಗಳ ಪಟ್ಟಿ ಅದರಲ್ಲಿದೆ. ಕಚ್ಚಿದರೆ ಗಂಟೆ ನೋಡಿಟ್ಟುಕೊಳ್ಳಿ, ಉಂಗುರ, ಕಾಲುಂಗುರ ತೆಗೆಯಿರಿ, ಕೈಕಾಲು ಅಲುಗದಂತೆ ಮಲಗಿಸಿ. ಹಗ್ಗ ಬಿಗಿಯಬೇಡಿ, ಕೊಯ್ಯಬೇಡಿ, ಚೀಪಬೇಡಿ. ನಮ್ಮ ಚಿಕ್ಕಪ್ಪನಂತೆ ನಡೆಯಲು ಬಿಡಬೇಡಿ. ನೇರವಾಗಿ ಗಾಡಿ ಹತ್ತಿಸಿ.

ತುಳುನಾಡಿನಲ್ಲಿ ಮೇ ಕೊನೆಯ ಹೊತ್ತಿಗೆ ಬರುವ ಪತ್ತನಾಜೆಗೆ ನಿಂತ ಉತ್ಸವಗಳು ಈಗ ಮತ್ತೆ ಶುರುವಾಗುತ್ತಿವೆ. ನಾನು ಕುದಿಸಿ ಒಣಗಿಸಿದ ಆ ಗಿಡವನ್ನು ಎಸೆದಿಲ್ಲ, ಚೀಲದಲ್ಲಿ ಇಟ್ಟಿದ್ದೇನೆ. ಆತ ಬಂದರೆ ಅವನ ಪಾತ್ರೆಯ ಪಕ್ಕದಲ್ಲೇ ನನ್ನದನ್ನೂ ನೀರಿಗೆ ಹಾಕುತ್ತೇನೆ.