ಗಂಗಾ ಢಾಬಾ, ಜೆಎನ್‌ಯು: ಮತ ಎಣಿಕೆಯ ರಾತ್ರಿ ಕುಡಿದ ಚಹಾ

ಗಂಗಾ ಢಾಬಾ ಇರುವುದು ದೆಹಲಿಯ ಜವಾಹರಲಾಲ್ ನೆಹರು ವಿಶ್ವವಿದ್ಯಾಲಯದ (ಜೆಎನ್‌ಯು) ಒಳಗೆ. 2024ರಲ್ಲಿ ವಿದ್ಯಾರ್ಥಿ ಸಂಘದ ಚುನಾವಣೆಯ ಮತ ಎಣಿಸುತ್ತಿದ್ದ ರಾತ್ರಿ ಅಲ್ಲಿಗೆ ಹೋಗಿದ್ದೆ. ಮೊದಲು ಚಹಾದ ವಿಷಯ ಹೇಳಿಬಿಡುತ್ತೇನೆ. ಶುಂಠಿ ಜಾಸ್ತಿ, ಸಕ್ಕರೆಯೂ ಜಾಸ್ತಿ, ಹಾಲು ಕುದ್ದು ಕುದ್ದು ಕೆಂಪಗಾಗಿರುತ್ತದೆ. ರಾಯಚೂರಿನ ಬಸ್ ಸ್ಟ್ಯಾಂಡಿನ ಚಹಾ ಕುಡಿದು ಬೆಳೆದ ನನಗೆ ಇದು ಮೊದಲ ದಿನವೇ ಹಿಡಿಸಿತ್ತು. 26 ವರ್ಷ ಕಳೆದು ಹೋದರೂ ಅದೇ ರುಚಿ ಸಿಕ್ಕಿತು. ಐದಕ್ಕೆ ಐದು ಕೊಡುತ್ತೇನೆ. ಆಲೂ ಪರಾಠಾಕ್ಕೆ ನಾಲ್ಕು. ಬ್ರೆಡ್ ಪಕೋಡ ಬಾಣಲೆಯಿಂದ ತೆಗೆದ ಕೂಡಲೇ ತಿನ್ನಿ, ಆರಿದರೆ ಮಜಾ ಇಲ್ಲ. ಇಬ್ಬರು ಹೊಟ್ಟೆ ತುಂಬ ತಿಂದೆವು. ಕೊಟ್ಟ ದುಡ್ಡು ಬೆಂಗಳೂರಿನ ದೊಡ್ಡ ಕಾಫಿ ಅಂಗಡಿಯ ಒಂದು ಕಪ್ಪಿಗಿಂತ ಕಡಿಮೆ.

ಇಲ್ಲಿ ಕೂರುವುದು ಕಲ್ಲುಬಂಡೆಗಳ ಮೇಲೆ. ಸುತ್ತ ಜಾಲಿ ಮರಗಳು, ಮೇಲೆ ಆಕಾಶ. ಮಂಡಿ ನೋವಿದ್ದವರು ಮಡಚಿ ಹಾಕಿಕೊಳ್ಳಲು ಒಂದು ಶಾಲು ತರುವುದು ಒಳ್ಳೆಯದು. ನಾನು ತಂದಿದ್ದೆ.

ಆದರೆ ಬರೀ ತಿನ್ನುವುದಕ್ಕೆ ಯಾರೂ ಈ ಢಾಬಾಕ್ಕೆ ಬರುವುದಿಲ್ಲ. ಮಾತಾಡಲು ಬರುತ್ತಾರೆ. ವಿದ್ಯಾರ್ಥಿ ಸಂಘದ ಆಫೀಸು ಟೆಫ್ಲಾಸ್ ಕ್ಯಾಂಟೀನಿನ ಕಟ್ಟಡದಲ್ಲಿದೆ. ನನ್ನ ಮಟ್ಟಿಗೆ ಅದರ ಜಗುಲಿ ಇದೇ.

ನಾನು ಇತಿಹಾಸದ ಎಂಎಗೆ ಇಲ್ಲಿ ಸೇರಿದ್ದು 1994ರಲ್ಲಿ. ಗೋದಾವರಿ ಹಾಸ್ಟೆಲ್. ಹಿಂದಿ ಅರ್ಧಂಬರ್ಧ, ಇಂಗ್ಲಿಷ್ ಮಾತಾಡಲು ಭಯ. ಒಂದು ರಾತ್ರಿ ಇದೇ ಕಲ್ಲಿನ ಮೇಲೆ ಬಿಹಾರದ ಒಬ್ಬ ಸೀನಿಯರ್ ಕೇಳಿದಳು: 'ನಿನಗೆ ಸೀಟು ಹೇಗೆ ಸಿಕ್ಕಿತು ಗೊತ್ತಾ?' ಚೆನ್ನಾಗಿ ಓದಿದ್ದೆ, ಅದಕ್ಕೇ ಸಿಕ್ಕಿತು ಅಂದೆ. ಓದಿದ್ದೂ ಹೌದು, ಇನ್ನೊಂದು ಕಾರಣವೂ ಇದೆ ಅಂತ ಅವಳು ಬಿಡಿಸಿ ಹೇಳಿದಳು. ಹಿಂದುಳಿದ ಜಿಲ್ಲೆಯವರಿಗೆ ಪ್ರವೇಶ ಪರೀಕ್ಷೆಯಲ್ಲಿ ಒಂದಿಷ್ಟು ಹೆಚ್ಚುವರಿ ಅಂಕ ಕೊಡುವ ಪದ್ಧತಿ ಮೊದಲು ಇತ್ತು. 1983ರಲ್ಲಿ ಕ್ಯಾಂಪಸ್ಸಿನಲ್ಲಿ ಆದ ದೊಡ್ಡ ಗಲಾಟೆಯ ನಂತರ ಅದನ್ನು ಕೈಬಿಟ್ಟರು. ಸಂಘ ಹತ್ತು ವರ್ಷ ಬಿಡದೆ ಕೇಳಿತು. 1993-94ರ ಹೊತ್ತಿಗೆ ಅದು ವಾಪಸ್ ಬಂತು, ಹೆಣ್ಣುಮಕ್ಕಳಿಗೂ ಅಂಕ ಸೇರಿತು. ಅದರ ಮರುವರ್ಷವೇ ಬಂದವಳು ನಾನು. ನನ್ನ ಹೆಸರೂ ಗೊತ್ತಿಲ್ಲದವರು ನನಗಾಗಿ ಧರಣಿ ಕೂತಿದ್ದರು. ಆ ರಾತ್ರಿ ಚಹಾ ಗಂಟಲಲ್ಲಿ ಇಳಿಯಲಿಲ್ಲ.

ರಾಯಚೂರಿನಲ್ಲಿ ನಾನು ಡಿಗ್ರಿ ಓದುವಾಗ ಚುನಾವಣೆ ಅಂದರೆ ಏನು ಅಂತಲೇ ಗೊತ್ತಿರಲಿಲ್ಲ. ಜಾಸ್ತಿ ಮಾರ್ಕ್ಸ್ ತೆಗೆದವರು ಕ್ಲಾಸಿನ ಪ್ರತಿನಿಧಿ, ಅಷ್ಟೇ. ಕರ್ನಾಟಕದ ಕಾಲೇಜುಗಳಲ್ಲಿ ಚುನಾವಣೆ ನಿಂತು ಮೂರು ದಶಕ ದಾಟಿದೆ. ಹಾಗಾಗಿ ಇಲ್ಲಿನ ರೀತಿ ನೋಡಿ ನಾನು ಬೆರಗಾಗಿದ್ದೆ. ಚುನಾವಣೆ ನಡೆಸುವ ಆಯೋಗದಲ್ಲಿ ಇರುವವರೂ ವಿದ್ಯಾರ್ಥಿಗಳೇ. ಪೋಸ್ಟರುಗಳನ್ನು ಕೈಯಲ್ಲೇ ಬರೆಯಬೇಕು. ಊಟ ಮುಗಿದ ಮೇಲೆ ಹಾಸ್ಟೆಲ್ ಮೆಸ್ಸಿನಲ್ಲಿ ಅಭ್ಯರ್ಥಿ ನಿಂತು ಮಾತಾಡಬೇಕು, ತಟ್ಟೆ ಮುಂದಿಟ್ಟುಕೊಂಡವರು ಕೇಳುವ ಪ್ರಶ್ನೆಗೆಲ್ಲ ಉತ್ತರ ಕೊಡಬೇಕು. ಮತದಾನಕ್ಕೆ ಮೊದಲು ಝೇಲಂ ಲಾನಿನಲ್ಲಿ ಅಧ್ಯಕ್ಷ ಸ್ಥಾನದ ಅಭ್ಯರ್ಥಿಗಳ ಡಿಬೇಟ್ ನಡೆಯುತ್ತದೆ. ಡಫ್ಲಿಯ (ಕೈಯಲ್ಲಿ ಹಿಡಿದು ಬಡಿಯುವ ತಮಟೆ) ಬಡಿತ, ಘೋಷಣೆ, ನಡುರಾತ್ರಿ ದಾಟಿದರೂ ಜನ ಏಳುವುದಿಲ್ಲ. ದುಡ್ಡಿದ್ದವನು ಗೆಲ್ಲುವ ದಾರಿ ಇಲ್ಲಿ ಬಹಳ ಸಣ್ಣದು. ನನಗೆ ಎಲ್ಲಕ್ಕಿಂತ ಇಷ್ಟವಾದದ್ದು ಅದೇ.

ಆಗ ಅಧ್ಯಕ್ಷರಾಗಿದ್ದವರು ಚಂದ್ರಶೇಖರ್ ಪ್ರಸಾದ್. ಬಿಹಾರದ ಸೀವಾನ್ ಕಡೆಯವರು, ಎಲ್ಲರಿಗೂ ಚಂದು. ಮೆಸ್ಸಿನಲ್ಲಿ ಅವರು ಮಾತಾಡಿದ್ದನ್ನು ನಾನು ಕೇಳಿದ್ದೇನೆ. ಓದು ಮುಗಿಸಿ ತಮ್ಮ ಊರಿಗೇ ಕೆಲಸ ಮಾಡಲು ಹೋದರು. 1997ರ ಮಾರ್ಚ್ 31ರಂದು ಸೀವಾನ್‌ನಲ್ಲಿ ಅವರನ್ನು ಗುಂಡಿಕ್ಕಿ ಕೊಂದರು. ಸುದ್ದಿ ಬಂದ ರಾತ್ರಿ ಈ ಢಾಬಾದಲ್ಲಿ ಒಲೆ ಉರಿಯುತ್ತಿತ್ತು, ಯಾರೂ ಏನೂ ಕೇಳುತ್ತಿರಲಿಲ್ಲ. ಆಮೇಲೆ ಬಿಹಾರ ಭವನದ ಮುಂದೆ ಹೋಗಿ ಪ್ರತಿಭಟಿಸಿದೆವು. ಅವರ ಬಗ್ಗೆ ಇದಕ್ಕಿಂತ ಹೆಚ್ಚು ಬರೆಯಲು ನನಗೆ ಈಗಲೂ ಆಗುವುದಿಲ್ಲ.

ಹಳೆಯ ಕಥೆಗಳೂ ಈ ಕಲ್ಲುಗಳ ಮೇಲೆ ಒಬ್ಬರಿಂದ ಒಬ್ಬರಿಗೆ ದಾಟುತ್ತವೆ. 1977ರಲ್ಲಿ ಇಂದಿರಾ ಗಾಂಧಿ ಚುನಾವಣೆ ಸೋತ ಮೇಲೂ ವಿಶ್ವವಿದ್ಯಾಲಯದ ಚಾನ್ಸಲರ್ ಆಗಿಯೇ ಉಳಿದಿದ್ದರು. ವಿದ್ಯಾರ್ಥಿಗಳು ಮೆರವಣಿಗೆಯಲ್ಲಿ ಅವರ ಮನೆಗೆ ಹೋದರು. ಅವರು ಹೊರಗೆ ಬಂದು ನಿಂತರು. ಸಂಘದ ಅಧ್ಯಕ್ಷ ಸೀತಾರಾಮ್ ಯೆಚೂರಿ ಬೇಡಿಕೆಗಳನ್ನು ಅವರ ಎದುರೇ ಓದಿದರು. ಸ್ವಲ್ಪ ದಿನದಲ್ಲಿ ಇಂದಿರಾ ಚಾನ್ಸಲರ್ ಹುದ್ದೆ ಬಿಟ್ಟರು. ಆ ಫೋಟೊ ನೋಡಿದ್ದೀರಿ ಅಲ್ವಾ? 2000ದಲ್ಲಿ ಬಲಪಂಥದ ವಿದ್ಯಾರ್ಥಿ ಸಂಘಟನೆ ಎಬಿವಿಪಿಯ ಸಂದೀಪ್ ಮಹಾಪಾತ್ರ ಒಂದೇ ಒಂದು ಓಟಿನಿಂದ ಅಧ್ಯಕ್ಷರಾದರು. ನಾನು ಎಡಪಂಥದ ಕಡೆಯವಳು, ಆದರೂ ಈ ಕಥೆ ನನಗೆ ತುಂಬ ಪ್ರೀತಿಯದು. ಅಂದು ಮಲಗೇ ಇದ್ದು ಓಟು ಹಾಕದೆ ಉಳಿದ ಒಬ್ಬೊಬ್ಬರೂ ತಮ್ಮನ್ನೇ ಬೈದುಕೊಂಡಿರುತ್ತಾರೆ.

2008ರಲ್ಲಿ ಸುಪ್ರೀಂ ಕೋರ್ಟ್ ಇಲ್ಲಿನ ಚುನಾವಣೆಗೆ ತಡೆ ಕೊಟ್ಟಿತು. ದೇಶದ ವಿದ್ಯಾರ್ಥಿ ಚುನಾವಣೆಗಳು ಹೇಗಿರಬೇಕು ಅಂತ ಹೇಳಿದ ಲಿಂಗ್ಡೊ ಸಮಿತಿಯ ನಿಯಮಗಳಂತೆ ಚುನಾವಣೆ ನಡೆಯುತ್ತಿಲ್ಲ ಎಂಬುದು ಕಾರಣ. ವಯಸ್ಸಿನ ಮಿತಿ, ಹಾಜರಾತಿ, ಅಭ್ಯರ್ಥಿಗೆ 5,000 ರೂಪಾಯಿ ಖರ್ಚಿನ ಮಿತಿ ಇವೆಲ್ಲ ಅದರಲ್ಲಿವೆ. ಕೈಯಲ್ಲಿ ಬರೆದ ಪೋಸ್ಟರಿನ ಊರಿಗೆ ಖರ್ಚಿನ ಮಿತಿ ಹೇಳಿಕೊಡಬೇಕಿರಲಿಲ್ಲ, ಅನ್ನುವುದು ನನ್ನ ಅಭಿಪ್ರಾಯ. 2012ರಲ್ಲಿ ಚುನಾವಣೆ ಮತ್ತೆ ಶುರುವಾಯಿತು. 2019ರ ನಂತರ ಕೋವಿಡ್ ಬಂದು ಇನ್ನೊಂದು ನಾಲ್ಕು ವರ್ಷ ಇಲ್ಲ. ಆ 2019ರಲ್ಲೇ ಒಬ್ಬರು ಇರುವ ಹಾಸ್ಟೆಲ್ ರೂಮಿನ ಬಾಡಿಗೆಯನ್ನು ತಿಂಗಳಿಗೆ 20 ರೂಪಾಯಿಯಿಂದ 600ಕ್ಕೆ ಏರಿಸಲು ಹೊರಟಾಗ ಹುಡುಗರು ಬೀದಿಗೆ ಇಳಿದದ್ದು. 580 ರೂಪಾಯಿಗೆ ಇಷ್ಟು ಗಲಾಟೆಯಾ ಅಂತ ನಮ್ಮ ನೆಂಟರೊಬ್ಬರು ಕೇಳಿದ್ದರು. ನನ್ನ ಅಪ್ಪ ತಿಂಗಳಿಗೆ ಕಳಿಸುತ್ತಿದ್ದ ಮನಿಯಾರ್ಡರ್ ಎಷ್ಟು ಅಂತ ಹೇಳಿದೆ. ಸುಮ್ಮನಾದರು.

ಈಗ ಆ ರಾತ್ರಿಗೆ ಬರುತ್ತೇನೆ. 2024ರ ಮಾರ್ಚ್ 24, ಹೋಳಿಯ ಹಿಂದಿನ ದಿನ. ತಮ್ಮನ ಮಗಳು ಈಗ ಇಲ್ಲೇ ಎಂಎ ಓದುತ್ತಾಳೆ. ಮೆಟ್ರೊದಲ್ಲಿ ಮುನಿರ್ಕಾ ಇಳಿದೆ. ನಮ್ಮ ಕಾಲದಲ್ಲಿ 615 ನಂಬರಿನ ಬಸ್ಸೇ ಗತಿ. ಗೇಟಿನಲ್ಲಿ ಅವಳು ಬಂದು ಕರೆದುಕೊಂಡು ಹೋದಳು. ನೀವು ಹೋಗುವುದಾದರೂ ಒಳಗೆ ಪರಿಚಯದವರು ಇದ್ದರೆ ಅನುಕೂಲ. ಎಣಿಕೆ ಅತ್ತ ಸ್ಕೂಲ್ ಆಫ್ ಇಂಟರ್‌ನ್ಯಾಷನಲ್ ಸ್ಟಡೀಸ್‌ನಲ್ಲಿ ನಡೆಯುತ್ತಿತ್ತು. ಕಾಗದದ ಮತಪತ್ರ, ಕಟ್ಟು ಕಟ್ಟಾಗಿ ಎಣಿಸಿ ಹೇಳುತ್ತಾರೆ. ಪ್ರತಿ ಸಲ ಸಂಖ್ಯೆ ಬಂದಾಗ ಫೋನುಗಳು ಒಟ್ಟಿಗೆ ಮಿನುಗುತ್ತಿದ್ದವು. ನಮ್ಮ ಪಕ್ಕದ ಕಲ್ಲಿನಲ್ಲಿ ಎಬಿವಿಪಿಯ ಹುಡುಗರು, ಈಚೆ ನಾವು. ಅವರಲ್ಲೊಬ್ಬ ನನಗೆ ಜಾಗ ಬಿಟ್ಟುಕೊಟ್ಟು, 'ಆಂಟಿ, ನಿಮ್ಮ ಕಾಲದಲ್ಲಿ ಎಷ್ಟು ಹೊತ್ತಿಗೆ ಮುಗಿಯುತ್ತಿತ್ತು' ಅಂತ ಕೇಳಿದ. ಬೆಳಗಾಗುತ್ತಿತ್ತು ಅಂದೆ. ಇಬ್ಬರೂ ಇನ್ನೊಂದು ಚಹಾ ಹೇಳಿದೆವು.

ಅಧ್ಯಕ್ಷ ಸ್ಥಾನ ಎಡಪಂಥದ ವಿದ್ಯಾರ್ಥಿ ಸಂಘಟನೆ ಎಐಎಸ್ಎಯ ಧನಂಜಯ್‌ಗೆ ಬಂತು. 2,598 ಮತ. ಎಬಿವಿಪಿಯ ಉಮೇಶ್ ಚಂದ್ರ ಅಜ್ಮೀರಾಗೆ 1,676. ಧನಂಜಯ್ ದಲಿತರು. 1996ರಲ್ಲಿ ಬತ್ತಿಲಾಲ್ ಬೈರವಾ ಗೆದ್ದ ಮೇಲೆ ಹೀಗೆ ಆಗಿರಲೇ ಇಲ್ಲ. ಆ ಚುನಾವಣೆಯಲ್ಲಿ ಸಾಲಿನಲ್ಲಿ ನಿಂತು ಓಟು ಹಾಕಿದ್ದೆ ಅಂದಾಗ ತಮ್ಮನ ಮಗಳು ನನ್ನ ಮುಖವನ್ನೇ ನೋಡಿದಳು. ಅಷ್ಟರಲ್ಲಿ ಡಫ್ಲಿಯ ಸದ್ದು ರಸ್ತೆಯಲ್ಲಿ ಹತ್ತಿರ ಬಂತು. ಯಾರೋ ಎರಚಿದ ಗುಲಾಲು ನನ್ನ ಲೋಟದೊಳಗೂ ಬಿತ್ತು. ಢಾಬಾದ ಹುಡುಗ ಅದನ್ನು ಚೆಲ್ಲಿ ಹೊಸದು ಹಾಕಿಕೊಟ್ಟ. ದುಡ್ಡು ಕೊಡಲು ಹೋದರೆ ಬೇಡ ಅಂದ.